ಹೆಚ್ಚಾದ ನೂರು ರೂಪಾಯಿ

ಬೈತಖೋಲದ ಓಣಿಯಲ್ಲಿ ನನ್ನ ಪಿಗ್ಮಿಯ ಕೊನೆಯ ಮನೆ ಶೇವಂತಿಯದು.
ದಿನಕ್ಕೆ ಐವತ್ತು. ನೋಟು ಯಾವಾಗಲೂ ತುಸು ಒದ್ದೆ.
ಮಷಿನ್ನು ಒತ್ತಿ ಚೀಟಿ ಹರಿದು ಕೊಡುವಷ್ಟರಲ್ಲಿ
ನನ್ನ ಚೀಲಕ್ಕೂ ಬಂಗಡೆಯ ವಾಸನೆ.

ಇವತ್ತು ಬಾಗಿಲಲ್ಲೇ ತಡೆದಳು ಮಗಳು ರೋಶನಿ, ಆರನೇ ಇಯತ್ತೆ:
"ನೀವು ಬ್ಯಾಂಕಿನವರಲ್ಲವಾ, ಇದೊಂದು ಬಿಡಿಸಿ."

ಪಟ್ಟಿಯಲ್ಲಿ ಅಕ್ಕೋರು ಬರೆಸಿದ ಲೆಕ್ಕ.
ಗಣಪನ ಉಳಿತಾಯ ಖಾತೆಯಲ್ಲಿ ಐದು ಸಾವಿರ.
ತೆಗೆದ ಎರಡು ಸಾವಿರ, ಉಳಿಯಿತು ಮೂರು.
ತೆಗೆದ ಒಂದೂವರೆ, ಉಳಿಯಿತು ಒಂದೂವರೆ.
ತೆಗೆದ ಒಂಬೈನೂರು, ಉಳಿಯಿತು ಆರುನೂರು.
ಅದನ್ನೂ ತೆಗೆದ.
ತೆಗೆದದ್ದು ಕೂಡಿಸಿದರೆ ಐದು ಸಾವಿರ, ಸರಿ.
ಉಳಿದದ್ದು ಕೂಡಿಸಿದರೆ ಐದು ಸಾವಿರದ ಒಂದು ನೂರು.
ಹೆಚ್ಚಾದ ನೂರು ರೂಪಾಯಿ ಎಲ್ಲಿಂದ ಬಂತು?

ಬಡ್ಡಿ ಇರಬಹುದು ಎಂದೆ. ಹುಡುಗಿ ನಕ್ಕಳು.
ಖಾತೆಯನ್ನು ಹಾಗೆ ಸೊನ್ನೆ ಮಾಡಲು ನಮ್ಮಲ್ಲಿ ಬಿಡುವುದಿಲ್ಲ ಎಂದೆ.
ಅದು ಉತ್ತರವಲ್ಲವೆಂದು ನನಗೂ ಗೊತ್ತಿತ್ತು.
ಹದಿನಾಲ್ಕು ವರ್ಷ ಊರವರ ದುಡ್ಡು ಎಣಿಸಿದ ಬೆರಳು
ಪೆನ್ಸಿಲ್ ಹಿಡಿದು ಸುಮ್ಮನೆ ಕೂತಿತು.

ಒಳಗಿಂದ ಶೇವಂತಿ, ಕತ್ತಿ ತೊಳೆಯುತ್ತ:
"ಯಾಕೆ ತೆಗೆದನಂತೆ?"
"ಅದು ಬರೆದಿಲ್ಲ ಆಯಿ."
"ಬರೆಯದಿದ್ದರೇನು, ಕಾಣುವುದಿಲ್ಲವಾ?
ಒಂದೇ ಸಲಕ್ಕೆ ಎರಡು ಸಾವಿರ ಅಂದರೆ ದವಾಖಾನೆ.
ಒಂದೂವರೆ, ಗೋವೆಗೆ ಕರಕೊಂಡು ಹೋದದ್ದು, ಗಾಡಿ ಮಾಡಿ.
ಒಂಬೈನೂರು ಗುಳಿಗೆಗೆ.
ಸಾವಿರವೇ ತೆಗೆಯಬಹುದಿತ್ತು, ತೆಗೆದಿಲ್ಲ ನೋಡು,
ಕೈ ಬಿಗಿ ಹಿಡಿದಿದ್ದಾನೆ ಪಾಪ.
ಆರುನೂರು..."
ಕತ್ತಿ ಒರೆಸಿ ಗೋಡೆಯ ಸಂದಿಗೆ ಸಿಕ್ಕಿಸಿದಳು.
ಆರುನೂರರ ಬಗ್ಗೆ ಏನೂ ಹೇಳಲಿಲ್ಲ.

ಆಮೇಲೆ ಬುಟ್ಟಿ ತಂದು ನಮ್ಮ ನಡುವೆ ಇಟ್ಟಳು. ಖಾಲಿ.
"ಐವತ್ತು ಬಂಗಡೆ ಹೊತ್ತೆ ಅನ್ನು.
ಕಾಜುಬಾಗದ ಮೊದಲ ಮನೆಗೆ ಇಪ್ಪತ್ತು ಹೋಯಿತು,
ಬುಟ್ಟಿಯಲ್ಲಿ ಮೂವತ್ತು.
ಎರಡನೆಯ ಮನೆಗೆ ಹದಿನೈದು.
ಈಗ ಉಳಿದ ಹದಿನೈದು ಬೇರೆ ಮೀನಾ?
ಆಗ ಎಣಿಸಿದ ಮೂವತ್ತರೊಳಗಿನವೇ ಅಲ್ಲವಾ?
ಅದನ್ನೂ ಇದನ್ನೂ ಕೂಡಿಸುವವ
ಜನ್ಮದಲ್ಲಿ ಮೀನು ಮಾರಿದವನಲ್ಲ."

ಕೊಂಕಣಿಯಲ್ಲಿ ಎಣಿಸಿ ಕನ್ನಡದಲ್ಲಿ ಹೇಳುತ್ತಾಳೆ,
ದಾಟುವಾಗ ಒಂದು ಮೀನೂ ಕೆಳಗೆ ಬೀಳುವುದಿಲ್ಲ.

ರೋಶನಿ ಬೆರಳು ಮಡಿಸತೊಡಗಿದಳು.
ಎರಡನೆಯ ಮನೆಯ ಹದಿನೈದನ್ನು ಎಣಿಸಿದ್ದು ಒಂದು ಸಲ,
ಮೂರನೆಯ ಮನೆಯ ಒಂಬತ್ತನ್ನು ಎರಡು ಸಲ,
ತಳದ ಆರನ್ನು ಮೂರು ಸಲ.
ಹದಿನೈದು, ಹದಿನೆಂಟು, ಹದಿನೆಂಟು.
"ಐವತ್ತೊಂದು! ಬಂತು ಆಯಿ, ಬಂತು!
ಮತ್ತೆ ಮೊದಲು ಹೋದ ಇಪ್ಪತ್ತು?"

"ಅದನ್ನು ಯಾರೂ ಎಣಿಸಲೇ ಇಲ್ಲ," ಎಂದಳು ಶೇವಂತಿ,
ಬುಟ್ಟಿ ಎತ್ತಿಕೊಂಡು.

ಅವಳ ಪಾಸ್‌ಬುಕ್ಕಿನಲ್ಲಿ ಮೊದಲು ಹೋದದ್ದು ನನಗೆ ಗೊತ್ತು.
ನಾಲ್ಕು ವರ್ಷದ ಹಿಂದಿನ ಶ್ರಾವಣ, ಬೆಳಿಗ್ಗೆ ಹತ್ತೂ ಆಗಿರಲಿಲ್ಲ,
ಫಾರಮ್ಮು ತುಂಬಿಕೊಟ್ಟವಳು ನಾನೇ.
ಅಂಕೆಯಲ್ಲಿ ಬರೆದೆ, ಅಕ್ಷರದಲ್ಲಿ ಬರೆದೆ,
ಹೆಬ್ಬೆಟ್ಟಲ್ಲ, ಸಹಿ ಮಾಡುತ್ತೇನೆ ಎಂದು ಹಟ ಹಿಡಿದಳು.
ಯಾಕೆ ಎಂದು ಬರೆಯಲು ಅದರಲ್ಲಿ ಜಾಗವಿರಲಿಲ್ಲ.

ರೋಶನಿ ಪಟ್ಟಿಯಲ್ಲಿ ಗುಂಡಗೆ ಬರೆದಳು:
ಉಳಿದದ್ದನ್ನು ಕೂಡಿಸಬಾರದು.
ಮೂರು ಅಂಕಕ್ಕೆ ಇಷ್ಟು ಸಾಕಾ ಎಂದು ಕೇಳಿದಳು.
ಬಂಗಡೆಯನ್ನೂ ಬರೆ ಎಂದೆ.

ಸ್ಕೂಟರು ಸುರಂಗದ ಬಾಯಿಗೆ ಬಂದಾಗ ನೆನಪಾಯಿತು.
ಚೀಟಿ ಕೊಟ್ಟಿದ್ದೆ. ಐವತ್ತು ಇಸಿದುಕೊಂಡಿರಲಿಲ್ಲ.