ಹೊಟ್ಟೆಯೇ ಮುಖ

ಪಾತ್ರೆ ತೊಳೆದ ಕೈ ಈಗ
ಫೈಲಕಾ ದ್ವೀಪದಲ್ಲಿ ಬೋಕಿಚೂರು ತೊಳೆಯುತ್ತದೆ.
ಈವತ್ತು ಬಕೆಟ್ಟಿನ ತಳದಲ್ಲಿ
ಹೆಬ್ಬೆರಳುದ್ದದ ಮಣ್ಣಿನ ಹೆಂಗಸು:
ರುಂಡವಿಲ್ಲ. ಹೊಟ್ಟೆಯೇ ಮುಖ,
ಹೊಕ್ಕುಳೇ ಮೂಗು, ಕೆಳಗೊಂದು ಕಿಸಕ್ ನಗು.

'ಬೌಬೋ!' ಪ್ರೊಫೆಸರರ ಕೈಯಿಂದ ಕುಂಚ ಜಾರಿತು.
ಮಗಳು ಪಾತಾಳದ ಪಾಲಾಗಿ
ತಾಯಿದೇವಿ ಹನಿ ನೀರು ಮುಟ್ಟದೆ ಕೂತಾಗ
ಈ ಮುದುಕಿ ಉಟ್ಟದ್ದನ್ನೇ ಎತ್ತಿ ತೋರಿಸಿದಳಂತೆ.
ಗುಟ್ಟಿನ ಪೂಜೆ ಅದು,
ಕಂಡವರು ಬಾಯಿ ಬಿಡುವಂತಿಲ್ಲವಂತೆ.

ನಾನೂ ಬಿಡಲಿಲ್ಲ.

ಸಾಲ್ಮಿಯಾದ ಕೋಣೆ, ಏಳು ಮಂಚ.
ಜಲಜಕ್ಕನಿಗೆ ಫೋನು ಬಂದು ಒಂಬತ್ತನೇ ದಿನ.
ಪಾಸ್‌ಪೋರ್ಟು ಕಫೀಲನ ಕಪಾಟಿನಲ್ಲಿ,
ಮಗಳು ಮಣ್ಣಿನಲ್ಲಿ.
ಬೇಡಿಕೊಂಡೆವು, ಬೈದೆವು, ಎಸಿಯ ಸದ್ದು ಕೇಳುತ್ತ ಕೂತೆವು.
ಆಗ ಶಿರ್ವದ ಸೆವ್ರಿನ್ ಬಾಯಿ,
ಅರವತ್ತೆರಡರ ಆಯಾ,
ನೈಟಿಯ ಅಂಚು ಹಲ್ಲಲ್ಲಿ ಕಚ್ಚಿ ನಿಂತಳು:
ಐದು ಹೆತ್ತ ಹೊಟ್ಟೆಯ ಮೇಲೆ
ಲಿಪ್‌ಸ್ಟಿಕ್ಕಿನ ಕಣ್ಣು, ಕಾಡಿಗೆಯ ಮೀಸೆ.
ಕುಲುಕಿದರೆ ಥೇಟ್ ಕಫೀಲ, ಸಂಬಳ ಎಣಿಸುತ್ತ!

ಜಲಜಕ್ಕ ಬಿಕ್ಕಿದಳು ಅಂದುಕೊಂಡೆವು.
ಬಿಕ್ಕಲ್ಲ.

ಆಮೇಲೆ ಬಾರ್ಲಿ ಗಂಜಿ, ಎರಡೆಲೆ ಪುದೀನ.
ಲೋಟ ಹಲ್ಲಿಗೆ ತಾಗಿ ಟಿಕ್‌ಟಿಕ್ ಎನ್ನುತ್ತಿತ್ತು.

ಗೊಂಬೆಗೆ ನಂಬರು ಬರೆದು ಚೀಲಕ್ಕೆ ಹಾಕಿದರು.
ಚೀಟಿಯಲ್ಲಿ 'ಎಲ್ಲಿಂದ ಬಂದದ್ದು' ಎಂಬಲ್ಲಿ
ಪ್ರಶ್ನೆಚಿಹ್ನೆ.
ನಾನು ಮುಂದಿನ ಬಕೆಟ್ಟಿಗೆ ಕೈ ಹಾಕಿದೆ.