ಬಿಟ್ಟ ಪದ್ಯಗಳು

ಸಕ್ಕರೆ ಫ್ಯಾಕ್ಟರಿಯ ಸೈರನ್ ಕೂಗಿದ ಮೇಲೇ
ಮಂಡ್ಯದ ನಮ್ಮ ಟಾಕೀಸಿನಲ್ಲಿ ಬೆಳಗಿನಾಟ.
ರಾತ್ರಿ ಪಾಳಿ ಮುಗಿಸಿದವರು,
ಗಾಡಿ ಬಿಟ್ಟು, ಎತ್ತಿಗೆ ಸೋಗೆ ಹಾಕಿ ಬಂದವರು,
ಮತ್ತೆ ತಲೆಗೆ ಟವೆಲು ಸುತ್ತಿ, ಗಾಂಧಿ ಕ್ಲಾಸಿನ ಮೂಲೆಗೆ,
ಕನ್ನಡ ಮೇಷ್ಟ್ರು ಅಳಸಿಂಗಾಚಾರ್ಯರು.

ನಾನು ಮೇಲೆ, ದಸ್ತಗೀರ್ ಸಾಬರ ಕ್ಯಾಬಿನ್ನಿನಲ್ಲಿ,
ಪಿಯುಸಿ ಎರಡು ಸಲ ನಪಾಸಾಗಿ ರೀಲು ಸುತ್ತುವವನು.
ಟವೆಲು ಮುಖ ಮುಚ್ಚೀತು;
ನನಗೆ ಮೂವತ್ತೈದು ಕೊಡದ ಆ ನಶ್ಯದ ಹೆಬ್ಬೆರಳನ್ನು
ಹೇಗೆ ಮುಚ್ಚೀತು?

ಪೋಸ್ಟರಿನಲ್ಲಿ: ಗಾಣಗಿತ್ತಿಯ ಗುಟ್ಟು.
ಸಣ್ಣಕ್ಷರದಲ್ಲಿ: ಪ್ರಾಚೀನ ಕಾವ್ಯಾಧಾರಿತ.
ಅದರ ಮೂರರಷ್ಟು ದಪ್ಪಗೆ: ವಯಸ್ಕರಿಗೆ ಮಾತ್ರ.

ಗಂಡ ಸಂತೆಗೆ ಹೋದ. ಮಾರುವೇಷದ ರಾಜ ಬಂದ.
ಯಾಕೋ ಏನೋ, ಮನೆಯೊಳಗೇ ಮಳೆ.
ಸೀರೆ ನೆನೆಯಿತು, ದೀಪ ಆರಿತು,
ಎರಡು ಹೂವು ತಲೆಗೆ ತಲೆ ತಾಗಿಸಿದವು.
ಶಿಳ್ಳೆ. ಮೂರನೇ ರೀಲು ಮುಗಿಯಿತು.
"ಥತ್, ಬರೀ ನೀರು" ಅಂದು ಸಾಬರು ಬೀಡಿ ಹಚ್ಚಿದರು.

ಆಗ ಕತ್ತಲಿನ ಮೂಲೆಯಿಂದ,
"ಅಯ್ಯೋ ಶುಂಠಿಗಳಾ, ಗಾಣ ಎಲ್ರಯ್ಯಾ, ಗಾಣ?"
"ಕೂತ್ಕಳ್ಳಲಾ ಮುದ್ಕಾ!"

ಇಂಟರ್ವಲ್ಲಿನಲ್ಲಿ ಕಬ್ಬಿಣದ ಏಣಿ ಹತ್ತಿ ಬಂದರು, ಏದುಸಿರು.
ನನ್ನನ್ನು ಕಂಡರು. ನಾನೂ ಕಂಡೆ.
ರೀಲಿನ ಡಬ್ಬದ ಮೇಲೆ ಕೂತು ಶುರುಮಾಡಿದರು:
ಕ್ಲಾಸಿನಲ್ಲಿ "ಬಿಟ್ಟುಬಿಡಿ" ಎಂದು ದಾಟಿಸಿದ್ದ
ಹದಿಮೂರು ಪದ್ಯ, ಪುಸ್ತಕವಿಲ್ಲದೆ,
ಒಂದೊಂದು ಹಳಗನ್ನಡದ ಮಾತನ್ನೂ ಸುಲಿದು ಕೈಗಿಡುತ್ತ.

ಅಲ್ಲಿ ಮಳೆಯಿಲ್ಲ. ಅವಳು
ರಾಜನ ಮುಂಡಾಸು ಬಿಚ್ಚಿ ಗೂಟಕ್ಕೆ ಹಾಕಿ,
ಎತ್ತಿನ ನೊಗ ಅವನ ಹೆಗಲಿಗೇರಿಸಿ,
"ಎಣ್ಣೆ ಬರೋ ತನಕ ಸುತ್ತು ದೊರೆಯೇ,
ಆಮೇಲೆ ನೋಡೋಣ ನಿನ್ನ ಒನಕೆಯ ಬಲ" ಅಂದು
ಮಂಚದಲ್ಲಿ ಅಡ್ಡಾಗುತ್ತಾಳೆ, ಎಳ್ಳುಂಡೆ ಮೆಲ್ಲುತ್ತ.
ಸುತ್ತುತ್ತಾನೆ. ಕೋಳಿ ಕೂಗುವವರೆಗೂ, ಆಸೆಯಲ್ಲಿ, ಬೆವರಿನಲ್ಲಿ.
ಬೆಳಗಾದಾಗ ಎಣ್ಣೆ ಅವಳಿಗೆ,
ಹಿಂಡಿ ಅವನಿಗೆ.

ಸಾಬರು ನಕ್ಕು ನಕ್ಕು ಕೆಮ್ಮಿ ಗೋಡೆ ಹಿಡಿದರು.
ಕೆಳಗೆ ಜನ ಬೆಂಚು ಬಡಿಯುತ್ತಿದ್ದರು.
"ಇದನ್ನ ಕ್ಲಾಸಲ್ಲಿ ಯಾಕೆ ಹೇಳಲಿಲ್ಲ ಸಾರ್?
ನಾನು ಪಾಸಾಗ್ತಿದ್ದೆ."

ಟವೆಲು ಕೊಡವಿ ಮತ್ತೆ ಸುತ್ತಿಕೊಂಡರು.
"ಪರೀಕ್ಷೆಗೆ ಬರಲ್ಲ ಕಣೋ."
ಏಣಿಯಲ್ಲಿ ಒಂದೊಂದೇ ಮೆಟ್ಟಿಲಿಳಿದರು.

ನಾನು ಮೂರನೇ ರೀಲನ್ನು ಹಿಂದಕ್ಕೆ ಸುತ್ತತೊಡಗಿದೆ.
ಮಳೆ ಸೂರಿಗೆ ಮರಳಿತು, ಸೀರೆ ಒಣಗಿತು,
ರಾಜ ಬೆನ್ನು ಮುಂದಾಗಿ ಹೊಸ್ತಿಲು ದಾಟಿಹೋದ.
ಗಾಣ ಮಾತ್ರ ಎಲ್ಲೂ ಸಿಗಲಿಲ್ಲ,
ನನ್ನ ಕೈಯಲ್ಲಿ ಗಿರಗಿರ ತಿರುಗುತ್ತಿದ್ದದ್ದು ಬಿಟ್ಟರೆ.