ಏಳು ಜಾಗ, ಊಟ ಸೇರಿ

ಕಾಸರಗೋಡು ಸ್ಟೇಷನ್ನಿನ ಹೊರಗೆ, ಬೆಳಗಿನ ಆರೂವರೆಗೆ,
ಚನಿಯಪ್ಪ ಕೈಗೊಂದೊಂದು ಚೀಟಿ ಕೊಟ್ಟ:
ಏಳು ಜಾಗ, ಊಟ ಸೇರಿ, ತಲೆಗೆ ಒಂಬೈನೂರು.
ಜೀಪಿನಲ್ಲಿ ಎಂಟು ಜನ.
ರಾಣೆಬೆನ್ನೂರಿನ ಹೊಸ ಜೋಡಿ,
ಒಂದೇ ಬ್ಯಾಂಕಿನಲ್ಲಿ ನಿವೃತ್ತರಾಗಿ ಒಂದೇ ಡಬ್ಬಿಯ
ಅವಲಕ್ಕಿ ತಿನ್ನುವ ಮೂವರು ಅಕ್ಕಂದಿರು,
ಹತ್ತಿದೊಡನೆ ನಿದ್ದೆಹೋದ ಎಲ್ಐಸಿ ಏಜೆಂಟ್,
ನಿದ್ದೆ ಬಾರದ ಅವನ ಮಗ,
ಮತ್ತೆ ನಾನು:
ಹುಬ್ಬಳ್ಳಿಯ ಓಣಿಗಳಲ್ಲಿ ಇಪ್ಪತ್ತೆಂಟು ವರ್ಷ
ನಳದ ಮೀಟರು ಓದಿದವನು.

ಚನಿಯಪ್ಪ ಪೊಲೀಸನಿಗೆ ಮಲಯಾಳದಲ್ಲಿ ನಕ್ಕ,
ಫೋನಿನಲ್ಲಿ ಹೆಂಡತಿಗೆ ತುಳುವಿನಲ್ಲಿ ಸುಳ್ಳು ಹೇಳಿದ,
ನಮಗೆ ಕನ್ನಡದಲ್ಲಿ ಸೀಟು ಸರಿಸಲು ಹೇಳಿದ,
ಪಂಚರಾದ ಟಯರಿಗೆ ಬೈದದ್ದು
ಯಾವುದೋ ಐದನೆಯದರಲ್ಲಿ.

ಪೊಸಡಿಗುಂಪೆಯ ತಲೆ ಮೇಲೆ ಗಾಳಿಯೋ ಗಾಳಿ.
ಪಡುವಣಕ್ಕೆ ಬೆರಳು ಚಾಚಿ,
'ಆ ಬೆಳ್ಳಿ ಗೆರೆ ಉಂಟಲ್ಲ, ಅದು ಕಡಲು' ಎಂದ.
ಸ್ವಲ್ಪ ಹೊತ್ತು ಬಿಟ್ಟು,
'ಅಥವಾ ಮೋಡ. ನಿನ್ನೆ ಬಂದವರಿಗೆ ಕಡಲು ಅಂತಲೇ ಹೇಳಿದ್ದು.'
ಹೊಸ ಜೋಡಿ ಗೆರೆಯ ಮುಂದೆ ನಿಂತು
ಕಡಲಿನ ಫೋಟೋ ತೆಗೆಸಿಕೊಂಡಿತು.

ಇಳಿಯುವಾಗ ಚೀಟಿಯಲ್ಲಿಲ್ಲದ ಕಡೆ ಜೀಪು ನಿಂತಿತು.
ಮುರಕಲ್ಲಿನ ಬೋಳು ಹಾಸು.
ಮಳೆಗಾಲ ಬಿಟ್ಟುಹೋದ ಅಂಗೈಯಗಲದ ನೀರು,
ಆ ನೀರಿನ ಸುತ್ತ, ಕಲ್ಲಿನ ಬಿರುಕಿನಲ್ಲಿ, ಕಾಲಿಡಲು ಜಾಗವಿಲ್ಲದಂತೆ
ನೀಲಿ ನೀಲಿ ಪುಟ್ಟ ಹೂ,
ಉದ್ದಿನಕಾಳಿಗಿಂತ ಒಂದಿಷ್ಟು ದೊಡ್ಡದು.
'ಹುಳ ತಿನ್ನುತ್ತದೆ, ನೋಡಿದರೆ ಗೊತ್ತಾಗುವುದಿಲ್ಲ.
ಮಲಯಾಳದಲ್ಲಿ ಕಾಕ್ಕಪ್ಪೂವು. ಕನ್ನಡದಲ್ಲಿ ಎಂತ ಹೇಳ್ತೀರಿ?'
ಅಕ್ಕಂದಿರು ಒಬ್ಬರ ಮುಖ ಒಬ್ಬರು ನೋಡಿದರು.
ಎಂಟು ಜನ ಕನ್ನಡಿಗರು
ಪರೀಕ್ಷೆಯ ಹಾಲಿನಲ್ಲಿ ಕೂತ ಹಾಗೆ ನಿಂತೆವು.
'ಇಲ್ಲದಿದ್ದರೆ ನೀವೇ ಇಡಿ ಮಾರಾಯ್ರೆ, ಒಂದು,'
ಎಂದವನು ಹಾರನ್ನು ಹೊಡೆದ.

ಬಾಯಾರಿನ ಆಚೆ ಇನ್ನೊಂದು ನಿಲುಗಡೆ, ಅದೂ ಚೀಟಿಯಲ್ಲಿಲ್ಲ.
ಗುಡ್ಡದ ಹೊಟ್ಟೆಗೆ ಒಂದಾಳು ಬಗ್ಗಿ ನುಗ್ಗುವಷ್ಟು ಬಾಯಿ.
'ಸುರಂಗ. ಅಪ್ಪ ಕೊರೆದದ್ದು. ಬಟ್ಯ ಅಂತ ಹೆಸರು.
ಮೂರು ಬೇಸಗೆ, ನಲವತ್ತೆರಡು ಕೋಲು.
ಮೇಣದಬತ್ತಿ ಆರಿದರೆ ಹೊರಗೆ ಓಡುವುದು,
ಆರದಿದ್ದರೆ ಇನ್ನೊಂದು ಏಟು ಹಾಕುವುದು.'

ಉಳಿದವರಿಗೆ ಮಂಡಿನೋವು, ಬಾವಲಿ, ಹೊಸ ಸೀರೆ.
ನಾನೊಬ್ಬ ಅವನ ಹಿಂದೆ ನುಗ್ಗಿದೆ.
ತಲೆಗೆ ಕಲ್ಲು ತಗುಲಿತು, ಕಾಲಿಗೆ ತಣ್ಣಗೆ ನೀರು.
ನಲವತ್ತರಲ್ಲಿ ಸುರಂಗ ಎಡಕ್ಕೆ ಹೊರಳಿತು.
ಯಾಕೆ ಎಡಕ್ಕೆ ಎಂದರೆ
'ಅದನ್ನು ಅಪ್ಪ ಹೇಳಿ ಹೋಗಲಿಲ್ಲ.'

ಟಾರ್ಚು ಹಚ್ಚಿದೆ. ಕೈಗೆ ಹಳೆಯ ಚಾಳಿ,
ಬೆಳಕು ತಾನಾಗಿ ಅಂಕಿ ಹುಡುಕಿತು:
ಗಾಜಿನ ಮುಚ್ಚಳ, ಕಪ್ಪು ಮುಳ್ಳು, ಕೆಂಪು ಮುಳ್ಳು.
ಗಣೇಶಪೇಟೆಯಲ್ಲಿ ಒಬ್ಬ ಅವ್ವ ಇದ್ದಳು,
ಪ್ರತಿ ಶುಕ್ರವಾರ ಮೀಟರಿಗೆ ಕುಂಕುಮ ಬಳಿದು
ಅಂಕಿ ಮುಚ್ಚಿಬಿಡುವಳು.
ದೇವರನ್ನು ಒರೆಸುತ್ತೀಯೇನೋ ಅನ್ನುವಳು.
ಒರೆಸುತ್ತಿದ್ದೆ. ಬರೆದುಕೊಳ್ಳುತ್ತಿದ್ದೆ.
ಇಲ್ಲಿ ಕಲ್ಲೇ ಬೆವರಿ ಕಲ್ಲಿಗೇ ಇಳಿಯುತ್ತಿತ್ತು ನೀರು.
ಹನಿ ಎಣಿಸಿದೆ. ಹದಿನೇಳಕ್ಕೆ ಬಿಟ್ಟೆ.

ಬೇಕಲಕ್ಕೆ ಬಂದಾಗ ಕೋಟೆಯ ಗೇಟು ಹಾಕಿತ್ತು.
ಕಾವಲಿನವ ಚನಿಯಪ್ಪನ ಯಾವ ಭಾಷೆಗೂ ಬಗ್ಗಲಿಲ್ಲ.
ಅಕ್ಕಂದಿರು ಚೀಟಿ ತೆಗೆದು ಲೆಕ್ಕ ಹಾಕಿದರು,
ಏಳರಲ್ಲಿ ನಾಲ್ಕು. ನೂರಿಪ್ಪತ್ತೆಂಟು ರೂಪಾಯಿ ಅರವತ್ತು ಪೈಸೆಯಂತೆ
ಮೂರು ಜಾಗಕ್ಕೆ ವಾಪಸು ಕೇಳಿದರು.
ಬ್ಯಾಂಕಿನವರು, ಸುಮ್ಮನೆ ಬಿಡುತ್ತಾರೆಯೇ?
ಅವನು ಇನ್ನೂರು ಕೊಟ್ಟು ಚಹಾ ಕುಡಿಸಿದ.

ರೈಲು ಹತ್ತು ನಿಮಿಷ ತಡ.
ಚಪ್ಪಲಿಯ ಕೆಂಪು ಮಣ್ಣನ್ನು ಪ್ಲಾಟ್‌ಫಾರ್ಮಿಗೆ ಉಜ್ಜುತ್ತ
ಏಜೆಂಟನ ಮಗ ಇದ್ದಕ್ಕಿದ್ದಂತೆ ಹೇಳಿದ:
'ಶಾಯಿಚುಕ್ಕಿ.'
ಏನೆಂದು ನಮಗೆ ಹೊಳೆಯಲು ತುಸು ಹೊತ್ತು ಬೇಕಾಯಿತು.
ಚನಿಯಪ್ಪನಿಗೆ ಬೇಕಾಗಲಿಲ್ಲ.
ಎರಡು ಸಲ ನಾಲಗೆಯ ಮೇಲೆ ಹೊರಳಿಸಿ ನೋಡಿ,
'ಆಗಬಹುದು' ಎಂದ.
'ನಾಳೆ ಬರುವವರಿಗೆ ಹೇಳ್ತೇನೆ,
ಕನ್ನಡದಲ್ಲಿ ಇದಕ್ಕೆ ಶಾಯಿಚುಕ್ಕಿ ಅಂತ,
ಹಿಂದಿನಿಂದಲೂ.'